ಅಪ್ಪನ್ನ ಸುತ್ತು ಹಾಕಿ

ಮಾರ್ಚ್ ಮೂರು, ಮಂಗಳವಾರ

ಮಗಳಿಗೆ ಆಶೀರ್ವಾದ.

ಕೆಳಗಿನ ಮನೆಯಿಂದ ಮೇಲಿನ ಮನೆಗೆ ಕಾಗದ ಬರೆಯೋ ಕರ್ಮ ನನ್ನದಾಯಿತು. "ನೀವು ಬಾಯಿ ತೆಗೆದರೆ ಜಗಳ, ಏನಿದ್ದರೂ ಬರೆದು ಕೊಡಿ" ಅಂದೆಯಲ್ಲ, ತಗೋ. ಕನ್ನಡಕದ ಕಾಲು ಮುರಿದಿತ್ತು, ಅದಕ್ಕೇ ತಡ. ನಾಲ್ಕನೇ ಕ್ಲಾಸಿಗೆ ಶಾಲೆ ಬಿಟ್ಟವನ ಬರಹ, ತಪ್ಪು ಹುಡುಕಬೇಡ. ನಾನು ಗಟ್ಟಿಯಾಗಿದ್ದೇನೆ. ನಿಮ್ಮಮ್ಮ ಊಟ ಸೇರಲ್ಲ ಅಂತ ಬೇಗ ಮಲಗುತ್ತಾಳೆ.

ಹೋದ ವಾರ ನೀರಿನ ಟ್ಯಾಂಕ್ ನೋಡೋಕೆ ಮೆಟ್ಟಿಲು ಹತ್ತಿದ್ದೆ. ನಿನ್ನ ಆಫೀಸು ರೂಮಿನ ಬಾಗಿಲು ಅರ್ಧ ತೆರೆದಿತ್ತು. ಒಳಗೆ ಯಾರೋ ಒಬ್ಬಳು, "ಅಪ್ಪನ್ನ ಯಾವಾಗ ಕಿತ್ತು ಹಾಕೋದು?" ಅಂದಳು. "ತಿಂಗಳ ಕೊನೆವರೆಗೆ ಇರಲಿ. ಈಗ ಮುಟ್ಟಿದರೆ ಎಲ್ಲರ ಮೇಲೂ ಕೂಗಾಡ್ತಾನೆ" ಅಂದೆ ನೀನು. ಎಲ್ಲ ನಕ್ಕಿರಿ. ಕೂಗಾಡ್ತಾನೆ! ಮರ್ಯಾದೆಗೆ ಒಂದು 'ತಾರೆ' ಕೂಡ ಇಲ್ಲ. ಈ ಮನೆ ಇನ್ನೂ ನನ್ನ ಹೆಸರಲ್ಲೇ ಇದೆ ಕಣಮ್ಮ.

ನಿನ್ನ ಜೊತೆ ಕೆಲಸ ಮಾಡೋ ಗಡ್ಡದವನನ್ನ ಗೇಟಿನ ಹತ್ತಿರ ಹಿಡಿದೆ. "ಅಯ್ಯೋ ಅಂಕಲ್, ಅದು ನೀವಲ್ಲ. ಕಂಪ್ಯೂಟರಿನ ಒಂದು ಹಳೇ ಪ್ರೋಗ್ರಾಮಿಗೆ ಅಪ್ಪ ಅಂತ ಹೆಸರಿಟ್ಟಿದ್ದೀವಿ" ಅಂದ. ನಿಮ್ಮಲ್ಲಿ ಮಾತು ಹುಟ್ಟೋದೇ ಹೀಗಂತೆ. ಪ್ರೋಗ್ರಾಮಿನ ತಪ್ಪಿಗೆ ಬಗ್, ಅಂದರೆ ಹುಳ ಅಂತೀರಂತೆ. ಹಿಂದೆ ಒಂದು ಮಷೀನಿನೊಳಗೆ ನಿಜವಾಗಿಯೂ ಪತಂಗ ಸಿಕ್ಕಿತ್ತಂತೆ. ಆಮೇಲೆ, "ಆದರೆ ಆ ಮಾತು ಅದಕ್ಕೂ ಮೊದಲೇ ಇತ್ತು" ಅಂತಾನೂ ಅವನೇ ಅಂದ. ಹೀಗೆ ಎರಡೆರಡು ಹೇಳೋನನ್ನ ನಂಬೋದು ಹೇಗೆ?

ಹೆಸರು ಹೇಗೆ ಹುಟ್ಟುತ್ತೆ ಅಂತ ನನಗೂ ಗೊತ್ತು. ನಮ್ಮ ಲೇತ್ ಶಾಪಿನಲ್ಲಿ ಮೊಂಡಾದ ಡ್ರಿಲ್ ಬಿಟ್ಟಿಗೆ ಬಾಮೈದ ಅಂತಿದ್ದೆವು. ಮಾಲೀಕನ ಬಾಮೈದ ಬೆಳಗಿಂದ ಸಂಜೆವರೆಗೆ ಸುತ್ತುತ್ತಿದ್ದ, ಒಂದು ತೂತೂ ಕೊರೆದವನಲ್ಲ. ಸುಮ್ಮಸುಮ್ಮನೆ ಯಾರೂ ಹೆಸರಿಡಲ್ಲ. ಅದಕ್ಕೇ ಗಡ್ಡದವನನ್ನ ಬಿಡಲಿಲ್ಲ.

"ಅಪ್ಪ ಅಂತಲೇ ಯಾಕೆ?"

"ಅದಕ್ಕೆ ಏನು ಕೊಟ್ಟರೂ ಸ್ಕ್ರೀನ್ ತುಂಬ ಕೆಂಪು ಅಕ್ಷರ ಕಾರುತ್ತೆ ಅಂಕಲ್. ಅದಕ್ಕೇ ಅದರ ತಂಟೆಗೆ ಹೋಗಲ್ಲ. ಸುತ್ತು ಹಾಕಿಕೊಂಡು ಹೋಗಿ ನಮ್ಮ ಕೆಲಸ ಮಾಡ್ಕೋತೀವಿ."

"ಹೆಸರಿಟ್ಟವರು ಯಾರು?"

ಅವನು ಹೆಲ್ಮೆಟ್ ಹಾಕಿಕೊಂಡ.

ಆಯ್ತು, ಆ ಮಾತು ಅಲ್ಲಿಗೇ ಬಿಟ್ಟೆ. ಕಿತ್ತು ಹಾಕೋದು ಪ್ರೋಗ್ರಾಮನ್ನೇ ಅಂತ ಸದ್ಯಕ್ಕೆ ನಂಬಿದ್ದೇನೆ. ನಿನಗೂ ಅಳಿಯನಿಗೂ ಒಳ್ಳೇದಾಗಲಿ.

ಇಂತಿ,
ಕೂಗಾಡುವ ನಿನ್ನ ಅಪ್ಪ

ಇನ್ನೊಂದು. ಮರೆತಿದ್ದೆ ಅಂತ ಸುಳ್ಳು ಹೇಳಲ್ಲ, ಇದನ್ನ ಕೇಳೋಕೇ ಬರೆಯಲು ಕೂತಿದ್ದು. ಶುಕ್ರವಾರ ಬಟ್ಟೆ ತರ್ತೀವಿ ಅಂತ ನೀನು ನಿಮ್ಮಮ್ಮನ್ನ ಕರ್ಕೊಂಡು ಹೋದೆ. ಬಟ್ಟೆ ಬರಲಿಲ್ಲ. ಅವಳ ಮೊಣಕೈ ಒಳಮಗ್ಗುಲಲ್ಲಿ ಹತ್ತಿ ಇಟ್ಟು ಪಟ್ಟಿ ಅಂಟಿಸಿತ್ತು. ಕೇಳಿದರೆ, "ಏನೋ ಹುಳ ಕಚ್ಚಿತು ಕಣ್ರೀ" ಅಂದಳು. ಇದು ಯಾವ ಹುಳ? ತಾಯಿ ಮಗಳು ಸೇರಿ ನನ್ನನ್ನೂ ಸುತ್ತು ಹಾಕಿಕೊಂಡು ಹೋಗ್ತಿದ್ದೀರಾ?

ಕೂಗಲ್ಲ, ಹೇಳು. ಡಾಕ್ಟರು ಏನಂದರು? ಏಳನೇ ತಾರೀಖು ಶನಿವಾರದೊಳಗೆ ನನಗೆ ಉತ್ತರ ಬೇಕು.