ಯಾರ ತಾಯಿ ಎಂಬ ತಕರಾರು

ಅಚ್ಚುಕೂಟದ ಮಹಡಿ, ಕರಡು ತಿದ್ದುವ ಕೋಣೆ
ನವೆಂಬರ್ ೧೫, ಗುರುವಾರ, ಮಧ್ಯಾಹ್ನ ಊಟದ ಬಿಡುವು

ಪ್ರೀತಿಯ ಅಣ್ಣಾ,

ನಿನ್ನ ಹೊಟ್ಟೆಯುರಿ ಹೇಗಿದೆ? ಪಕ್ಷದ ಕಚೇರಿಯ ಟೀ ಕುಡಿದು ಕುಡಿದು ಎದೆಯವರೆಗೂ ಉರಿ ಹತ್ತಿದೆ ಎಂದು ನೀನು ಹೋದ ಕಾಗದದಲ್ಲಿ ಬರೆದಿದ್ದೆ. ತಣ್ಣನೆಯ ಹಾಲು ಕುಡಿಯಬೇಕಂತೆ, ಖಾಲಿ ಹೊಟ್ಟೆಯಲ್ಲಿ ಕೂತು ಬರೆಯಬಾರದಂತೆ, ಅಮ್ಮ ಹೇಳಿದ್ದಾಳೆ. ಅವಳ ಮಂಡಿನೋವು ಎಲ್ಲಿತ್ತೋ ಅಲ್ಲೇ ಇದೆ, ಮೆಟ್ಟಿಲು ಕಂಡರೆ ಮಾತ್ರ ಮುಖ ತೋರಿಸುತ್ತದೆ. ನಾನು ಚೆನ್ನಾಗಿದ್ದೇನೆ ಅಂತ ಬರೆಯುವುದು ವಾಡಿಕೆ, ಆದರೆ ನಿನ್ನೆಯಿಂದ ನನಗೂ ಹೊಟ್ಟೆಯುರಿ ಶುರುವಾಗಿದೆ. ಇದು ಹಾಲಿಗೆ ಬಗ್ಗುವ ಉರಿಯಲ್ಲ. ಅಂದ ಹಾಗೆ, ನಿನ್ನ ಕಾಗದವನ್ನು ಎಂದಿನಂತೆ ಕೆಂಪು ಶಾಯಿ ಹಿಡಿದೇ ಓದಿದೆ. ಇಪ್ಪತ್ತು ವರ್ಷ ಕರಡು ತಿದ್ದಿದ ಕೈ, ಸುಮ್ಮನಿರು ಎಂದರೆ ಇರುವುದಿಲ್ಲ. ಒಂಬತ್ತು ತಪ್ಪು. ಮಹಾಪ್ರಾಣಕ್ಕೂ ನಿನಗೂ ಮೊದಲಿನಿಂದಲೂ ಎಣ್ಣೆ ಸೀಗೆಕಾಯಿ; ಬೇಕಾದ ಕಡೆ ಕೈಬಿಡುತ್ತೀಯ, ಬೇಡವಾದ ಕಡೆ ತುರುಕುತ್ತೀಯ. ದೊಡ್ಡ ಪಕ್ಷದ ದೊಡ್ಡ ಕಚೇರಿಯಲ್ಲಿ ನಾಲ್ಕು ವರ್ಷದಿಂದ ಗುಮಾಸ್ತನಾಗಿದ್ದೀಯ, ನಿನ್ನ ಒಕ್ಕಣೆಯನ್ನು ಅಲ್ಲಿ ಯಾರೂ ತಿದ್ದುವುದಿಲ್ಲವೇ?

ಇಲ್ಲಿಯ ಸಮಾಚಾರಕ್ಕೆ ಬರುತ್ತೇನೆ. ದೇಶಕ್ಕೆ ಮೊದಲನೆಯ ಪಾರ್ಲಿಮೆಂಟು, ನಮಗೆ ಮೊದಲನೆಯ ಓಟು. ಗೋಡೆ ಎಂದಿದ್ದಕ್ಕೆಲ್ಲ ಅಂಟು, ಬಾಯಿ ಎಂದಿದ್ದಕ್ಕೆಲ್ಲ ಭಾಷಣ. ನಮ್ಮ ಕ್ಷೇತ್ರಕ್ಕೆ ನಿಮ್ಮ ಕುರ್ಚಿ ಪಕ್ಷದಿಂದ ಗಿರಣಿಯವರು, ಕೊಡೆ ಪಕ್ಷದಿಂದ ವಕೀಲರು. ಎರಡು ಪಕ್ಷದ ಕರಪತ್ರವೂ ನಮ್ಮಲ್ಲೇ ಅಚ್ಚಾಗುತ್ತದೆ, ಎರಡಕ್ಕೂ ಪ್ರಾಸ ಕಟ್ಟುವವನು ನಾನೇ. ಮದುವೆಗೊಂದು ಪ್ರಾಸ ಸಿಗದೆ ನಲವತ್ತೈದು ದಾಟಿದವನು, ಪಕ್ಷಗಳಿಗೆ ಮಾತ್ರ ಬೇಕಾದಷ್ಟು ಹೊಂದಿಸಿದೆ. ಕುರ್ಚಿಗೆ ‘ಕುರ್ಚಿಗೆ ಮತ, ಎಲ್ಲರಿಗೂ ಹಿತ’ ಎಂದು ಬರೆದೆ. ಯಾರ ಹಿತ ಎಂದು ಅಚ್ಚುಕೂಟದ ಯಜಮಾನರೂ ಕೇಳಲಿಲ್ಲ, ಗಿರಣಿಯವರೂ ಕೇಳಲಿಲ್ಲ. ಕೊಡೆಗೆ ‘ಬಿಸಿಲಿಗೂ ಕೊಡೆ, ಮಳೆಗೂ ಕೊಡೆ’ ಎಂದು ಬರೆದೆ. ಮಾರನೆ ದಿನ ಬೆಳಗಾಗುವಷ್ಟರಲ್ಲಿ ಊರಿನ ಅರ್ಧ ಗೋಡೆಗಳ ಮೇಲೆ ಅದರ ಕೆಳಗೆ ಯಾರೋ ಇದ್ದಿಲಲ್ಲಿ ‘ಓಟು ಕೇಳಿದರೆ ಮಾತ್ರ ಕೊಡೆ’ ಎಂದು ಸೇರಿಸಿದ್ದರು. ವಕೀಲರು ನನ್ನ ಮೇಲೆ ಕಣ್ಣು ಕೆಂಪಗೆ ಮಾಡಿದರು. ಆಣೆ ಮಾಡಿ ಹೇಳುತ್ತೇನೆ, ಅದು ನನ್ನದಲ್ಲ; ನನ್ನದಾಗಿದ್ದರೆ ಎಷ್ಟು ಚೆನ್ನಾಗಿತ್ತು.

ನಗುವುದು ಇಲ್ಲಿಗೆ ಮುಗಿಯಿತು. ಆಸ್ಪತ್ರೆಯ ಹೆರಿಗೆ ಕೋಣೆ ನಿನಗೆ ನೆನಪಿದೆಯಲ್ಲ? ಎರಡು ಕಿಟಕಿ, ಆರು ಮಂಚ, ಬಿಸಿನೀರಿನ ಒಲೆ, ಅಮ್ಮ ಮೂವತ್ತೊಂದು ವರ್ಷ ಸೂಲಗಿತ್ತಿಯಾಗಿ ನಿಂತ ನೆಲ. ಆ ಕೋಣೆಯಲ್ಲಿ ಈಗ ಮುನ್ನೂರು ಮಡಚುವ ಕುರ್ಚಿಗಳಿವೆ. ನಿಮ್ಮ ಪಕ್ಷದ ಸಭೆಗಳಿಗೆ ಬೇಕಂತೆ, ಚುನಾವಣೆ ಮುಗಿಯುವವರೆಗೆ ಇಡಲು ಬೇರೆ ಜಾಗವಿಲ್ಲವಂತೆ. ಮಂಚಗಳನ್ನು ಜಗಲಿಗೆ ಎಳೆದು ಹಾಕಿದ್ದಾರೆ. ಹೋದ ತಿಂಗಳು ಕಮ್ಮಾರನ ಹೆಂಡತಿ ಜಗಲಿಯಲ್ಲೇ ಹೆತ್ತಳು, ಔಷಧಿಗೆ ಸಾಲು ನಿಂತವರ ಎದುರಿಗೆ. ಮರೆಗೆ ಬಟ್ಟೆ ಸಾಲದೆ ಅಮ್ಮ ಬೀದಿಗೆ ಹೋಗಿ ಕೊಡೆ ಪಕ್ಷದ ಬ್ಯಾನರೊಂದನ್ನು ಬಿಚ್ಚಿಕೊಂಡು ಬಂದು ಕಟ್ಟಿದಳು. ಆ ಪಕ್ಷದಿಂದ ಊರಿಗೆ ಇಲ್ಲಿಯವರೆಗೆ ಆದ ಉಪಕಾರ ಅದೊಂದೇ. ವಕೀಲರು ಮಾರನೆ ದಿನ ಆಸ್ಪತ್ರೆ ಮುಂದೆ ದೊಡ್ಡ ಪ್ರತಿಭಟನೆ ಮಾಡಿದರು. ಹೆರಿಗೆಗೆ ಜಾಗ ಬಿಡಿ ಎಂದಲ್ಲ, ಕುರ್ಚಿಗೆ ಜಾಗ ಕೊಟ್ಟಮೇಲೆ ಕೊಡೆಗೂ ಸಮಪಾಲು ಕೊಡಿ ಎಂದು! ಇದನ್ನು ನಾನು ಪ್ರಾಸಕ್ಕಾಗಿ ಕಟ್ಟಿ ಹೇಳುತ್ತಿಲ್ಲ, ಕರಪತ್ರ ನನ್ನ ಮೇಜಿನ ಮೇಲಿದೆ.

ಆ ವಾರ ಗಿರಣಿಯವರ ಸಭೆ. ಪುರಸಭೆಯ ಅಂಗಳ ತುಂಬಿ ಜನ, ಅದೇ ಮುನ್ನೂರು ಕುರ್ಚಿ. ಅಮ್ಮ ಮಂಡಿ ಹಿಡಿದುಕೊಂಡು ಎದ್ದು ನಿಂತು ಹೆರಿಗೆ ಕೋಣೆ ಯಾವಾಗ ಬಿಡ್ತೀರಿ ಎಂದು ಕೇಳಿದಳು. ಗಿರಣಿಯವರು ನಕ್ಕು, ‘ಕೂತ್ಕೋ ಅಮ್ಮ, ಅದು ಹೆಂಗಸರ ವಿಷಯ, ಪಾರ್ಲಿಮೆಂಟಿನ ವಿಷಯ ಅಲ್ಲ’ ಎಂದರು. ‘ಪಾರ್ಲಿಮೆಂಟಲ್ಲಿ ಕೂರೋರೆಲ್ಲ ಆಕಾಶದಿಂದ ಉದುರ್ತಾರೇನಪ್ಪ? ನೀನಂತೂ ಕಾಲು ಮುಂದಾಗಿ ಬಂದೋನು. ತಿರುಗಿಸಿ ತೆಗೆದೋಳು ನಾನು, ಅವತ್ತು ಇದು ಹೆಂಗಸರ ವಿಷಯ ಅಂತ ನಾನೂ ಕೂತ್ಕೊಂಡಿದ್ರೆ?’ ಎಂದಳು ಇವಳು. ಅಂಗಳವೆಲ್ಲ ಬಿದ್ದು ಬಿದ್ದು ನಕ್ಕಿತು. ಯಾರೋ ಹಿಂದಿನಿಂದ ‘ಅಮ್ಮಾ, ನೀನೇ ನಿಂತ್ಕೋ’ ಎಂದು ಕೂಗಿದರು. ‘ನಿಂತೇ ಇದೀನಲ್ಲೋ’ ಎಂದಳು. ಮಾತು ತಮಾಷೆಯಾಗಿಯೇ ಶುರುವಾಯಿತು, ಮನೆ ತಲುಪುವ ಹೊತ್ತಿಗೆ ತಮಾಷೆ ಉಳಿದಿರಲಿಲ್ಲ. ಪಕ್ಷೇತರ ಅಭ್ಯರ್ಥಿ, ಗುರುತು ಕತ್ತರಿ. ಈ ಊರಿನ ಅರ್ಧ ಜನರ ಹೊಕ್ಕುಳಬಳ್ಳಿ ಕತ್ತರಿಸಿದ ಕತ್ತರಿಗಿಂತ ಬೇರೆ ಗುರುತು ಯಾವುದಿದೆ ಹೇಳು. ನಾನು ಮೊದಲ ಸಲ ಮನಸ್ಸಿಟ್ಟು ಒಂದು ಪ್ರಾಸ ಬರೆದೆ: ‘ಕುರ್ಚಿ ಎತ್ತರ, ಕತ್ತರಿ ಹತ್ತಿರ.’ ಅಚ್ಚಿನ ಮೊಳೆ ಜೋಡಿಸುವ ಮುದುಕ ಜೋಡಿಸುತ್ತಲೇ ಅದನ್ನು ರಾಗವಾಗಿ ಹಾಡಿದ. ಯಜಮಾನರು ಕಂಡೂ ಕಾಣದವರಂತೆ ಕೆಳಗಿಳಿದು ಹೋದರು. ಅವರನ್ನು ಹೆರಿಸಿದ್ದೂ ಅಮ್ಮನೇ.

ಈಗ ನನ್ನ ತಪ್ಪು. ಇದನ್ನು ನಿನಗೆ ಮೊದಲೇ ನಗುತ್ತಾ ಬರೆದಿದ್ದೆ, ಈಗ ನಗದೆ ಬರೆಯುತ್ತೇನೆ. ಮತದಾರರ ಪಟ್ಟಿ ಬರೆಯುವವನು ಮನೆಗೆ ಬಂದ ದಿನ ನಾನು ಮುಖಕ್ಕೆ ಸೋಪು ಹಚ್ಚಿಕೊಂಡು ಗಡ್ಡ ಹೆರೆಯುತ್ತಿದ್ದೆ. ನನ್ನ ಹೆಸರು ಬರೆದುಕೊಂಡ, ನಿನ್ನ ಹೆಸರನ್ನೂ ಬರೆಸಿದೆ, ನಿನ್ನ ಓಟು ಇನ್ನೂ ಈ ಊರಿನದೇ ಎಂಬ ಆಸೆಯಿಂದ. ‘ಒಳಗಡೆ ಯಾರ್ರೀ ಇರೋದು?’ ಎಂದ. ‘ಅಮ್ಮ’ ಎಂದೆ. ಬರೆದುಕೊಂಡ. ವಯಸ್ಸು ಎಷ್ಟು ಎಂದ, ಅರವತ್ತನಾಲ್ಕು ಎಂದೆ, ಹೋದ. ಎರಡು ತಿಂಗಳ ಮೇಲೆ ಆ ಪಟ್ಟಿ ಅಚ್ಚಿಗೆ ನಮ್ಮಲ್ಲಿಗೇ ಬಂತು. ಕರಡು ನನ್ನ ಮೇಜಿಗೇ ಬಂತು. ‘ಮನೆ ನಂಬರ್ ಹದಿನೇಳು, ಅಮ್ಮ, ಹೆಣ್ಣು, ಅರವತ್ತನಾಲ್ಕು.’ ನನಗೆ ನಗು ತಡೆಯಲಾಗಲಿಲ್ಲ. ಆದರೆ ನಮ್ಮ ಕಸುಬಿನ ನಿಯಮ ನಿನಗೆ ಗೊತ್ತು, ಸರ್ಕಾರಿ ಪ್ರತಿಯಲ್ಲಿ ಏನಿದೆಯೋ ಅದೇ, ಇದ್ದದ್ದು ಇದ್ದಂತೆ. ಪಕ್ಕದಲ್ಲಿ ಕೆಂಪು ಶಾಯಿಯ ಗುರುತು ಹಾಕಿ ಬಿಟ್ಟುಬಿಟ್ಟೆ. ಪಟ್ಟಿ ಕಳಿಸಿದ ಸರ್ಕಾರಿ ಗುಮಾಸ್ತನಿಗೊಂದು ಚೀಟಿ ಬರೆದಿದ್ದರೆ ಸಾಕಾಗಿತ್ತು. ಚೀಟಿ ಬರೆಯಲಿಲ್ಲ, ನಿನಗೆ ಕಾಗದ ಬರೆದೆ: ನೋಡೋ ಅಣ್ಣ, ನಮ್ಮ ಅಮ್ಮ ಈಗ ಸರ್ಕಾರಕ್ಕೂ ಅಮ್ಮ! ಆ ಮಾತನ್ನು ನಿನಗಲ್ಲದೆ ನರಪಿಳ್ಳೆಗೂ ಹೇಳಿರಲಿಲ್ಲ.

ನಿನ್ನೆ ನಾಮಪತ್ರಗಳ ಪರಿಶೀಲನೆ. ನಾನು ಅಮ್ಮನ ಸೂಚಕ, ಆದ್ದರಿಂದ ಒಳಗೆ ಬಿಟ್ಟರು. ಉದ್ದನೆಯ ಮೇಜು, ಹಸಿರು ಬಟ್ಟೆ, ಅಧಿಕಾರಿ ಪಾಪ ನಿಯಮದ ಪುಸ್ತಕವನ್ನು ಎಳೆಮಗುವಿನಂತೆ ತೋಳಲ್ಲಿ ಇಟ್ಟುಕೊಂಡಿದ್ದರು. ಗಿರಣಿಯವರ ಪತ್ರ ಸರಿ, ವಕೀಲರ ಪತ್ರ ಸರಿ. ಅಮ್ಮನ ಪತ್ರ ತೆಗೆಯುತ್ತಿದ್ದಂತೆ ಗಿರಣಿಯವರ ಏಜೆಂಟು ಎದ್ದು ನಿಂತು ಒಂದು ತಕರಾರು ಅರ್ಜಿ ಕೊಟ್ಟ. ದೊಡ್ಡ ಕಚೇರಿಯಿಂದ ಟಪಾಲಿನಲ್ಲಿ ತಯಾರಾಗಿಯೇ ಬಂದದ್ದು, ಮೊಹರು ಸಮೇತ. ನಕಲು ನನ್ನ ಹತ್ತಿರವಿದೆ, ಮುಖ್ಯ ಸಾಲು ಇದು: ‘ನಾಮಪತ್ರದಲ್ಲಿರುವ ಹೆಸರು ಮತದಾರರ ಪಟ್ಟಿಯಲ್ಲಿ ಇರುವುದಿಲ್ಲ. ಸದರಿ ಮನೆಯಲ್ಲಿ ನಮೂದಾಗಿರುವ ಅಮ್ಮ ಎಂಬುವರು ಯಾರು, ಯಾರ ತಾಯಿ ಎಂಬುದು ಸ್ಪಷ್ಟವಿರುವುದಿಲ್ಲ.’ ಸ್ಪಷ್ಟವಿರುವುದಿಲ್ಲವಂತೆ! ಆ ಕೋಣೆಯಲ್ಲಿದ್ದ ಹನ್ನೊಂದು ಜನರಲ್ಲಿ ಏಳು ಜನ ಭೂಮಿಯ ಬೆಳಕು ಕಾಣುವ ಮೊದಲು ಕಂಡದ್ದು ಅವಳ ಕೈಯನ್ನು. ಅರ್ಜಿ ಕೊಟ್ಟ ಏಜೆಂಟನೇ ಒಳಗೆ ಬರುವಾಗ ‘ಮಂಡಿ ಹೇಗಿದೆ ಅಮ್ಮ’ ಎಂದು ಕೇಳಿ ಬಂದಿದ್ದ. ಅಧಿಕಾರಿ ಕೂಡ ‘ಅಮ್ಮ, ನೀವು ಕೂತ್ಕೊಳ್ಳಿ’ ಎಂದು ಹೇಳಿ, ಆಮೇಲೆ ಪುಸ್ತಕ ತೆರೆದು, ಅಮ್ಮ ಯಾರು ಎಂಬುದಕ್ಕೆ ದಾಖಲೆ ಬೇಕು ಎಂದರು. ನಾನು ಕೂಗಾಡಿದೆ. ಪ್ರಾಸ ಮರೆತು ಕೂಗಾಡಿದೆ ಎಂದರೆ ನೀನೇ ಊಹಿಸಿಕೋ. ವಕೀಲರು ಮಾತ್ರ ಉಗುರು ನೋಡಿಕೊಳ್ಳುತ್ತಾ ಕೂತಿದ್ದರು; ಸಮಪಾಲು ಬೇಕೆಂದು ಆಸ್ಪತ್ರೆ ಮುಂದೆ ಕೂಗಿದವರು, ಒಂದು ಪೈಪೋಟಿ ಕಡಿಮೆಯಾಗುತ್ತದೆ ಎಂದಾಗ ನ್ಯಾಯಶಾಸ್ತ್ರವನ್ನೇ ಮರೆತರು. ಒಬ್ಬರಿಗೊಬ್ಬರು ಬೀದಿಯಲ್ಲಿ ಕಚ್ಚಾಡುವ ಕುರ್ಚಿಯೂ ಕೊಡೆಯೂ ನಿನ್ನೆ ಒಂದೇ ಮನೆಯ ಸಾಮಾನಿನಂತೆ ಅಕ್ಕಪಕ್ಕ ಇದ್ದವು.

ಅಮ್ಮ ಮಾತ್ರ ಅರ್ಜಿಯ ನಕಲನ್ನು ಕೇಳಿ ಇಸಿದುಕೊಂಡಳು. ಕನ್ನಡಕ ಹಾಕಿಕೊಂಡು, ಒಂದೊಂದು ಪದದ ಕೆಳಗೂ ಬೆರಳಿಟ್ಟು ಓದಿದಳು. ಒಂದು ಕಡೆ ಬೆರಳು ನಿಂತಿತು. ಮಂಡಿ ಹಿಡಿದಿರಬೇಕು ಎಂದುಕೊಂಡೆ. ಕಾಗದ ಮಡಚಿ ನನ್ನ ಕೈಗೆ ಕೊಟ್ಟು, ‘ನಡಿ, ಮನೆಗೆ ಹೋಗೋಣ’ ಎಂದಳು. ದಾರಿಯುದ್ದಕ್ಕೂ ನಾನು ಬೈದದ್ದೇ ಬೈದದ್ದು.

ಅಧಿಕಾರಿ ಸೋಮವಾರ ಹನ್ನೊಂದು ಗಂಟೆಯವರೆಗೆ ಗಡುವು ಕೊಟ್ಟಿದ್ದಾರೆ. ಪಟ್ಟಿಯಲ್ಲಿ ಅದೇ ಮನೆ ನಂಬರಿನಡಿ ಹೆಸರಿರುವ ಒಬ್ಬರು ಎದುರಿಗೆ ಬಂದು, ಅಮ್ಮ ಎಂದರೆ ಇವಳೇ ಎಂದು ಬಾಯಿಬಿಟ್ಟು ಹೇಳಬೇಕು. ಸೂಚಕನ ಮಾತು ನಡೆಯುವುದಿಲ್ಲವಂತೆ. ಊರು ಪೂರ್ತಿ ಬಂದು ಹೇಳಿದರೂ ನಡೆಯುವುದಿಲ್ಲವಂತೆ. ಮನೆ ನಂಬರ್ ಹದಿನೇಳರಲ್ಲಿ ಇರುವುದು ಮೂರೇ ಹೆಸರು. ಒಂದು ಅವಳದು, ಒಂದು ನನ್ನದು.

ಕೆಳಗೆ ಯಂತ್ರ ಶುರುವಾಯಿತು, ಬಿಡುವು ಮುಗಿಯಿತು. ಆರೋಗ್ಯ ನೋಡಿಕೋ, ಕೆಲಸದ ನೆಪ ಹೇಳಿ ಊಟ ತಪ್ಪಿಸಬೇಡ. ಅಮ್ಮನ ಆಶೀರ್ವಾದ ಎಂದಿನಷ್ಟೇ ಇದೆ, ಒಂದು ಗುಂಜಿಯೂ ಕಡಿಮೆಯಾಗಿಲ್ಲ. ತೂಗಿ ನೋಡಿಯೇ ಬರೆಯುತ್ತಿದ್ದೇನೆ.

ನಿನ್ನ ತಮ್ಮ,
ಕೆಂಪು ಶಾಯಿ

ತಾಜಾ ಕಲಂ: ಮೇಲೆ ತಕರಾರಿನ ಸಾಲನ್ನು ನಕಲು ಮಾಡುವಾಗ ಅಭ್ಯಾಸಬಲದಿಂದ ಒಂದು ಅಕ್ಷರ ತಿದ್ದಿಬಿಟ್ಟಿದ್ದೇನೆ. ಮೂಲದಲ್ಲಿ ‘ಯಾರ ಥಾಯಿ’ ಎಂದಿದೆ. ಕೈಬರಹ ಬೇರೆ ಯಾರದೋ. ನಿಮ್ಮ ಕಚೇರಿಯಲ್ಲಿ ದುಂಡಗೆ ನಕಲು ಮಾಡಿದವನು ಒಕ್ಕಣೆಯಲ್ಲಿ ಇದ್ದದ್ದನ್ನು ಇದ್ದಂತೆ ಇಳಿಸಿದ್ದಾನೆ, ಪಟ್ಟಿಯಲ್ಲಿ ನಾನು ಮಾಡಿದ ಹಾಗೆಯೇ. ತಾಯಿಗೆ ಥಕಾರ ಹಾಕುವವರು ಈ ಭೂಮಿಯ ಮೇಲೆ ಒಬ್ಬರೇ ಎಂದು ನನಗೆ ಮನೆಗೆ ಬಂದು ದೀಪದ ಬುಡದಲ್ಲಿ ಓದಿದಾಗ ತಿಳಿಯಿತು; ಅವಳಿಗೆ ಅಲ್ಲೇ ತಿಳಿದಿತ್ತು. ‘ಅದೊಂದಕ್ಷರ ಎಷ್ಟು ಸಲ ಸ್ಲೇಟಲ್ಲಿ ಬರೆಸಿದೆ ಕಣೋ ಅವನ ಕೈಲಿ’ ಎಂದಳು, ಅಷ್ಟೇ. ತಣ್ಣನೆಯ ಹಾಲಿನ ಮಾತು ಹೇಳಿದ್ದು ಅದಾದ ಮೇಲೆ. ಸೋಮವಾರ ಮೊದಲ ಬಸ್ಸು ಹತ್ತೂವರೆಗೆ ಇಲ್ಲಿಗೆ ಬರುತ್ತದೆ. ಬಾಯಲ್ಲಿ ಹೇಳುವ ಮಾತು. ಕಾಗುಣಿತದ ತಪ್ಪು ಯಾರಿಗೂ ಕಾಣುವುದಿಲ್ಲ.