ಅಪ್ಪ ಕಂಬವಾದ ಮಧ್ಯಾಹ್ನ

ಮಾರ್ಚ್ 3, ಸೋಮವಾರ. ಸಂಜೆ

ಗಣಿಗಿಳಿದ ಬೆಳಗಿನ ಪಾಳಿಯವರ ಲ್ಯಾಂಪ್‌ಗಳೆಲ್ಲ ವಾಪಸ್ ಬಂದವು. ಒರೆಸಿ ಚಾರ್ಜಿಗೆ ಹಾಕಿದೆ. ಒಂದರ ಬೆಲ್ಟು ಕಿತ್ತಿದೆ. ಹೊಸದಕ್ಕೆ ಸ್ಟೋರ್‌ನವನ ಕಾಲು ಹಿಡೀಬೇಕು, ಕರ್ಮ.

ಕೈ ತೊಳೀತಿದ್ದೆ, ಕ್ಲಬ್ಬಿನ ಸೆಕ್ರೆಟರಿ ಲ್ಯಾಂಪ್ ರೂಮಿನ ಕಿಟಕಿಗೆ ಬಂದ. ಗಣಿಯ ಫುಟ್‌ಬಾಲ್ ಕ್ಲಬ್ಬಿಗೆ ಐವತ್ತು ವರ್ಷವಂತೆ. ತಿಂಗಳ ಕೊನೇಲಿ ಸಮಾರಂಭ, ಸ್ಮರಣ ಸಂಚಿಕೆ. ಇತಿಹಾಸ ನಾನು ಬರೀಬೇಕಂತೆ.

"ನಾನ್ಯಾಕೆ?"

"ಎಲ್ಲರ ಮನೆ ವಿಷಯಕ್ಕೂ ಮೂಗು ತೂರಿಸ್ತೀಯಲ್ಲ, ಅದಕ್ಕೇ."

ಮೈ ಉರಿದುಹೋಯ್ತು. ಆದ್ರೂ ಒಪ್ಪಿಕೊಂಡೆ. ಮೂಗು ಇರೋದು ಮತ್ಯಾಕೆ?

ಅಪ್ಪನಿಗೆ ಹೇಳಿಲ್ಲ.

ಮಾರ್ಚ್ 6

ಮಜಾ ಇದೆ ಈ ಕೆಲಸ. ಮೈದಾನ ಅಂದ್ರೆ ಗಣಿಯಿಂದ ತೆಗೆದ ಕಲ್ಲುಪುಡಿ ಸುರಿದು ಮಟ್ಟ ಮಾಡಿದ್ದು. ಬಿದ್ದರೆ ಮೊಣಕಾಲು ತರಿದುಹೋಗ್ತಿತ್ತು. ಹೊರಗಿನ ಟೀಮಿನವರು ಬೀಳೋಕೆ ಹೆದರಿ ಸೋಲ್ತಿದ್ರಂತೆ. ಮೊದಲ ಜರ್ಸಿಗೆ ಒಂದೇ ಹಂಡೆಯಲ್ಲಿ ಕೆಂಪು ಬಣ್ಣ ಕಟ್ಟಿದ್ರು. ಮಳೇಲಿ ಆಡಿದ ಮೇಲೆ ಹನ್ನೊಂದು ಜನಕ್ಕೂ ಮೈಯೆಲ್ಲ ಗುಲಾಬಿ. ಹೆಂಡತಿಯರು ಒಂದು ವಾರ ನಕ್ಕರಂತೆ.

ಆಮೇಲೆ ಫೈನಲ್. ಎಲ್ಲರೂ ಅಲ್ಲಿಗೆ ಬಂದು ಮಾತು ನಿಲ್ಲಿಸ್ತಾರೆ, ನನ್ನ ಮುಖ ನೋಡ್ತಾರೆ. ಕ್ಲಬ್ಬು ಫೈನಲ್ ಮುಟ್ಟಿದ್ದು ಒಂದೇ ಸಲ, ನಾನು ಹುಟ್ಟೋಕೆ ಮುಂಚೆ. ಸೋತಿದ್ದು ಒಂದೇ ಗೋಲಿಗೆ. ಅದನ್ನ ಬಿಟ್ಟ ಕೀಪರ್ ನನ್ನಪ್ಪ. ಚೆಂಡು ಉರುಳ್ಕೊಂಡು ಬರ್ತಿದೆ, ಇವರು ಬೆನ್ನು ಹಾಕಿ ನಿಂತಿದ್ರಂತೆ. ಅವತ್ತಿಂದ ಅಪ್ಪನ ಹೆಸರು ಕಂಬ. ಶಾಲೇಲಿ ನಾನು ಕಂಬದ ಮಗಳು. ಎಷ್ಟು ಸಲ ಅತ್ತಿದ್ದೀನೋ. ಅಪ್ಪ ಈಗಲೂ ಮೈದಾನ ತಪ್ಪಿಸಿ, ಸುತ್ತುಹಾಕಿ ಪೇಟೆಗೆ ಹೋಗ್ತಾರೆ.

ಆದ್ರೆ... ಯಾವ ಕೀಪರ್ ಚೆಂಡಿಗೆ ಬೆನ್ನು ಹಾಕ್ತಾನೆ? ಇಷ್ಟು ವರ್ಷ ನಾಚಿಕೆ ಪಟ್ಟೆನೇ ಹೊರತು ಇದನ್ನ ಯೋಚಿಸಿಯೇ ಇರಲಿಲ್ಲ.

ಮಾರ್ಚ್ 9, ಭಾನುವಾರ

ಸುತ್ತಿಗೆ ಮನೆಗೆ ಹೋಗಿದ್ದೆ. ಆಗಿನ ಕ್ಯಾಪ್ಟನ್, ಈಗ ಕ್ಲಬ್ಬಿನ ಅಧ್ಯಕ್ಷ. ಚೆಂಡಿಗೆ ತಲೆ ಕೊಟ್ಟರೆ ಸುತ್ತಿಗೆ ಏಟು ಅಂತ ಆ ಹೆಸರು. ಅಪ್ಪನೂ ಇವರೂ ಒಂದೇ ತಟ್ಟೇಲಿ ಉಂಡವರು. ಫೈನಲ್ ಆದ ಮೇಲೆ ಮಾತಿಲ್ಲ.

"ಬರಿಯಮ್ಮ, ಕೀಪರ್ ನಿದ್ದೆ ಹೊಡೆದ ಅಂತ ಬರಿ."

"ಯಾವ ಕಡೆ ತಿರುಗಿದ್ರು?"

"ಗಣಿಗಿಳಿಯೋ ಶಾಫ್ಟ್ ಕಡೆ."

"ಅಲ್ಲೇನಿತ್ತು?"

"ಏನಿರತ್ತೆ? ಮ್ಯಾಚಿಗೆ ರಜೆ ಕೊಟ್ಟಿದ್ರು. ಗಣಿಯೇ ನಿಂತಿತ್ತು. ನಿಮ್ಮಪ್ಪನ ತಲೆ!"

ಟೀ ಕೂಡ ಕೊಡಲಿಲ್ಲ ಮಹಾನುಭಾವ.

ಮಾರ್ಚ್ 10

ಆಗ ಅಪ್ಪನ ಕೆಲಸವೇ ಶಾಫ್ಟ್ ಬಾಯಲ್ಲಿ ಗಂಟೆ ನೋಡ್ಕೊಳ್ಳೋದಾಗಿತ್ತು. ಕೆಳಗಿನವರು ತಂತಿ ಎಳೀತಾರೆ, ಮೇಲೆ ಗಂಟೆ ಹೊಡೆಯತ್ತೆ. ಮೂರು ಅಂದ್ರೆ ಜನ ಹತ್ತಿಳಿಯೋ ತೊಟ್ಟಿಲು ಎತ್ತು. ಎರಡು, ಇಳಿಸು. ಒಂದೇ ಒಂದು ಹೊಡೆದರೆ — ನಿಲ್ಲು, ಯಾರದೋ ಜೀವ ಸಿಕ್ಕಿಕೊಂಡಿದೆ. ಕೈಲಿದ್ದದ್ದು ಬಿಟ್ಟು ಶಾಫ್ಟ್ ಕಡೆ ತಿರುಗಬೇಕು. ಅಪ್ಪನಿಗೆ ಅದು ರಕ್ತದಲ್ಲಿದೆ.

ಶಾಫ್ಟಿಗೆ ಹತ್ತಿರ ಇರೋದು ಅಪ್ಪ ನಿಂತಿದ್ದ ಕಡೆಯ ಗೋಲ್ ಒಂದೇ. ಜನ ಕೂಗ್ತಿರುವಾಗ ಬೇರೆಯವರಿಗೆ ಕೇಳೋದೂ ಇಲ್ಲ. ಆದ್ರೆ ಗಣಿ ನಿಂತಿತ್ತು. ಯಾರು ಹೊಡೀತಾರೆ? ತಲೆಗೆ ಹುಳ ಬಿಟ್ಟಂಗಾಗಿದೆ.

ಮಾರ್ಚ್ 14. ಮಧ್ಯಾಹ್ನ

ಆಗ ತೊಟ್ಟಿಲು ಎತ್ತುವ ಎಂಜಿನ್ ಓಡಿಸ್ತಿದ್ದ ಅಜ್ಜ ಇನ್ನೂ ಇದ್ದಾರೆ. ಕಿವಿ ಮಾತ್ರ ಕೈಕೊಟ್ಟಿದೆ. ಕಿರುಚಿ ಕಿರುಚಿ ಕೇಳಿದೆ.

"ಆ ಹುಚ್ಚು ಬಾಲಾಟ ನಂಗಾಗಲ್ಲಮ್ಮ. ಎಂಜಿನ್ ಮನೇಲೇ ಮಲಗಿದ್ದೆ. ಹೊಡೀತು ಗಂಟೆ. ಒಂದೇ. ಎದ್ದುಬಿದ್ದು ಓಡಿದೆ."

"ಯಾರು ಹೊಡೆದಿದ್ದು?"

ಬೊಚ್ಚುಬಾಯಿ ಬಿಟ್ಟು ನಕ್ಕರು. "ಅದನ್ನ ಹೇಳಿದ್ರೆ ಒಬ್ಬರ ಮನೆ ಒಲೆ ಆರ್ತಿತ್ತು. ನಿಮ್ಮಮ್ಮನ್ನ ಕೇಳು."

ಅಮ್ಮನ್ನ?!

ಅದೇ ದಿನ, ಸಂಜೆ

ಅಮ್ಮ ಬಟ್ಟೆ ಮಡಚ್ತಾ ಇದ್ದಳು. ಕೇಳಿದೆ. ಕೈ ನಿಂತಿತು.

ನನ್ನ ಸೋದರಮಾವ! ಆಗ ಗಣೀಲಿ ಫಿಟ್ಟರ್. ರಜೆ ದಿನ ಗಂಟೆಯ ತಂತಿ ರಿಪೇರಿ ಅವನ ತಲೆಗೆ ಕಟ್ಟಿದ್ರು. ಪರೀಕ್ಷೆಗೆ ಹೊಡೆಯೋ ಮುಂಚೆ ಎಂಜಿನ್ ಮನೆಗೆ ತಿಳಿಸಬೇಕು, ಬೋರ್ಡು ಹಾಕಬೇಕು. ಕೊನೆಯ ಗಳಿಗೆಯಾದ್ರೂ ಮ್ಯಾಚ್ ಸಿಗಲಿ ಅಂತ ಆತುರ. ಏನೂ ಮಾಡದೆ ಒಂದು ಎಳೆದ. ಗೊತ್ತಾದರೆ ಕೆಲಸ ಹೋಗ್ತಿತ್ತು. ಇವನೊಬ್ಬನ ಸಂಬಳದಲ್ಲೇ ಮನೆ.

ಮರುದಿನ ಅಮ್ಮನೇ ಅಪ್ಪನ ರೂಮಿಗೆ ಹೋಗಿ ಕೈಮುಗಿದಳಂತೆ — ನನ್ನ ತಮ್ಮನ ಹೆಸರು ಹೇಳಬೇಡಿ. ಅಪ್ಪ "ಆಗಲಿ" ಅಂದ್ರಂತೆ. ಅಷ್ಟೇ.

"ಆಮೇಲೆ?"

"ಆಮೇಲೇನು, ಮುಂದಿನ ವರ್ಷ ಮದುವೆ. ಕಪ್ ಹೋಯ್ತು, ನಾನು ಬಂದೆ. ಏನು ಕಡಿಮೆಯಾಯ್ತೇ ನಿಮ್ಮಪ್ಪನಿಗೆ?"

ನಕ್ಕಳು. ಆಮೇಲೆ ಸೆರಗಲ್ಲಿ ಕಣ್ಣೊರೆಸಿಕೊಂಡಳು. ನನಗೂ ತಡೀಲಿಲ್ಲ.

ಮಾರ್ಚ್ 16

ಮಾವನ ಮನೆ. ರಿಟೈರ್ ಆಗಿ ಎಷ್ಟು ಕಾಲವಾಯ್ತು, ಇನ್ನು ಯಾರು ಏನು ಮಾಡ್ತಾರೆ? ಬರೀಲಾ ಅಂದೆ. ಮಾವ ಟೀ ಲೋಟ ಹಾಗೇ ಬಿಟ್ಟು ಹಿತ್ತಲಿಗೆ ಹೋದ. ಪಾಪ ಅನ್ನಿಸಿತು, ಸಿಟ್ಟೂ ಬಂತು.

ಮಾರ್ಚ್ 23

ವಾರದಿಂದ ಬರೆಯೋದು, ಹರಿಯೋದು. ನಿಜ ಬರೆದರೆ ಮಾವನ ಮಾನ, ಬಿಟ್ಟರೆ ಅಪ್ಪ ಅಚ್ಚಿನಲ್ಲೂ ಕಂಬ. ಕೊನೆಗೆ ಅಪ್ಪನನ್ನೇ ಕೇಳಿದೆ.

"ಅವನು ನಿನ್ನ ಮಾವ ಕಣೇ. ಕೊಟ್ಟ ಮಾತು ಅಚ್ಚು ಹಾಕಿಸ್ತಾರಾ?"

"ನಿಮಗೆ ಬೇಜಾರೇ ಇಲ್ವಾ?"

"ಇದೆ" ಅಂದ್ರು. "ಜನ ಅಂದಿದ್ದಕ್ಕಲ್ಲ. ಅವನು ನಂಬಿದ್ನಲ್ಲ, ಸುತ್ತಿಗೆ... ಅದಕ್ಕೆ."

ಫೈನಲ್ ಇಲ್ಲದ ಇತಿಹಾಸವನ್ನೇ ಸೆಕ್ರೆಟರಿಗೆ ಕೊಟ್ಟೆ.

ಮಾರ್ಚ್ 29, ಶನಿವಾರ

ಮನೆಗೆ ಬಂದವಳೇ ಬರೆಯೋಕೆ ಕೂತೆ.

ಪಾಳಿ ಬದಲಾಗೋ ಹೊತ್ತು. ಲ್ಯಾಂಪಿಗೆ ಉದ್ದ ಸಾಲು. ನೋಡಿದ್ರೆ ಸಾಲಿನಲ್ಲಿ ಮಾವ! ಇಸ್ತ್ರಿ ಶರಟು ಬೇರೆ. ನನ್ನ ಕಿಟಕಿ ಹತ್ತಿರ ಬಂದು, ನನಗೆ ಬೆನ್ನು ಹಾಕಿ, ಸಾಲಿನ ಕಡೆ ತಿರುಗಿದ.

"ಫೈನಲ್ ದಿನ ಗಂಟೆ ಹೊಡೆದಿದ್ದು ನಾನು. ಹೇಳದೆ ಕೇಳದೆ ಹೊಡೆದೆ. ಒಂದು. ನಮ್ಮ ಭಾವ ಅದಕ್ಕೇ ತಿರುಗಿದ್ದು. ನೀವಾಗಿದ್ರೆ ತಿರುಗ್ತಿರಲಿಲ್ವಾ?"

ಎಲ್ಲರೂ ಆ ಶಾಫ್ಟಿಗೆ ಇಳಿಯೋರೇ. ಒಬ್ಬ ಮೇಸ್ತ್ರಿ ಹೆಲ್ಮೆಟ್ ತೆಗೆದ. ಮಾವ ಬಿರಬಿರನೆ ಹೊರಟುಹೋದ.

ಮಾರ್ಚ್ 30, ಭಾನುವಾರ. ಬೆಳಿಗ್ಗೆ

ಸುತ್ತಿಗೆ ಬಂದಿದ್ದಾರೆ! ನಮ್ಮ ಮನೆಗೆ! ಜರ್ಸಿ, ಶೂ ಹಾಕ್ಕೊಂಡು. ಇವತ್ತು ಸಮಾರಂಭ, ಹಳಬರ ಮ್ಯಾಚ್ ಇದೆ. ಒಳರೂಮಲ್ಲಿ ಕೂತು ಬರೀತಿದೀನಿ, ಎಲ್ಲ ಕೇಳಿಸ್ತಿದೆ.

ಅಮ್ಮ ಕುರ್ಚಿ ಕೊಟ್ಟಳು. ಕೂರಲಿಲ್ಲ.

"ನಂಗೊಂದು ಮಾತು ಹೇಳಬಾರದಿತ್ತೇನೋ?"

"ನೀನು ಕೇಳಲೇ ಇಲ್ವಲ್ಲೋ," ಅಪ್ಪ ಅಂದ್ರು. "ಬೈದು ಹೋದೆ."

ಸುತ್ತಿಗೆ ಮೂಗು ಎಳೆದುಕೊಂಡ ಸದ್ದು. "ಈಗ ಕೇಳ್ತಿದೀನಿ. ಗೋಲಿಗೆ ಬಾ."

"ಶೂ ಇಲ್ಲ ಕಣೋ."

ಕುರ್ಚಿ ಎಳೆದ ಸದ್ದು. ಇಣುಕಿದೆ. ಸುತ್ತಿಗೆ ಕೂತು ತಮ್ಮ ಶೂ ಲೇಸು ಬಿಚ್ತಿದ್ದಾರೆ.

"ನಮ್ಮಿಬ್ಬರದೂ ಒಂದೇ ಸೈಜು. ನಾನು ಬರಿಗಾಲಲ್ಲಿ ಆಡ್ತೀನಿ, ಬಾ."

ಅಪ್ಪ ಒಂದು ಕಾಲು ಹಾಕಿದ್ರು. ಇನ್ನೊಂದಕ್ಕೆ ಬಗ್ಗೋಕಾಗ್ತಿಲ್ಲ, ಸೊಂಟ ಹಿಡಿದಿದೆ, ಅಮ್ಮ ಬೈತಾ ಲೇಸು ಕಟ್ತಿದಾಳೆ... ಅಯ್ಯೋ, ಹೊರಟೇಬಿಟ್ರು, ಮೈದಾನದ ದಾರೀಲೇ —