ಕರಿಯಣ್ಣನ ಕೈ ಕಟ್ಟಿದ ಸಿನಿಮಾಕ್ಕೆ ಸಹಿ ಹಾಕಿದವರಿಗೆ

ಮಾನ್ಯರೇ,

ಸಿನಿಮಾ ಶುರುವಾಗುವ ಮೊದಲು ಪರದೆಯ ಮೇಲೆ ಮೊಹರು ಒತ್ತಿದ ಒಂದು ಕಾಗದ ಬರುತ್ತದಲ್ಲ, ಅದರ ಕೆಳಗೆ ಸಹಿ ಹಾಕುವವರು ನೀವು. ನಿಮ್ಮ ಹೆಸರು ನನಗೆ ಗೊತ್ತಿಲ್ಲ, ಆ ಸಹಿ ಓದಲು ಬರುವಂತಿರಲಿಲ್ಲ. ಅದನ್ನು ನಂಬಿ ನಮ್ಮ ಪಕ್ಕದ ಮನೆಯ ಏಕಾಂತಮ್ಮ ಊಟ ಬಿಟ್ಟಿದ್ದಾಳೆ. ಆಕೆಯ ಸಂಕಟ ನೋಡಲಾರದೆ ನನ್ನ ಅಣ್ಣ ಒಬ್ಬ ಮನುಷ್ಯನನ್ನು ಕೊಲ್ಲುವುದಾಗಿ ಮಾತು ಕೊಟ್ಟಿದ್ದಾನೆ. ಇದನ್ನು ಯಾರಿಗೆ ಹೇಳಬೇಕೆಂದು ತಾಲ್ಲೂಕು ಕಚೇರಿಯಲ್ಲಿ ಕೇಳಿದೆ. ಸಿನಿಮಾ ವಿಷಯ ಇಲ್ಲಿ ಬರುವುದಿಲ್ಲ ಎಂದರು. ಪೊಲೀಸ್ ಠಾಣೆಯ ಮೆಟ್ಟಿಲು ಹತ್ತಲು ನನಗೆ ಧೈರ್ಯ ಸಾಲಲಿಲ್ಲ. ಹಾಗಾಗಿ ಪತ್ರಿಕೆಯಲ್ಲಿ ಬರೆಯುತ್ತಿದ್ದೇನೆ.

ನಾನು ಓದಿರುವುದು ನಾಲ್ಕನೇ ಕ್ಲಾಸಿನವರೆಗೆ. ನಾಲ್ಕು ಜನರ ಮುಂದೆ ಬಾಯಿ ತೆರೆದು ಮಾತಾಡಿದವಳಲ್ಲ. ತಪ್ಪಿದ್ದರೆ ಮನ್ನಿಸಬೇಕು. ನಮ್ಮ ಊರು ಐಮಂಗಲಕ್ಕೆ ಹತ್ತಿರ ಎಂದಷ್ಟೇ ತಿಳಿಯಿರಿ. ಇಲ್ಲಿ ಬರುವ ಹೆಸರುಗಳನ್ನೆಲ್ಲ ಬದಲಿಸಿದ್ದೇನೆ, ಯಾಕೆಂದರೆ ಅಣ್ಣ ಸರ್ಕಾರದ ಸಿಪಾಯಿ. ಹೀಗೆ ಬರೆದರೆ ಅವನಿಗೆ ತೊಂದರೆಯಾಗಬಹುದು ಎಂದು ಬಲ್ಲೆ. ಬರೆಯದಿದ್ದರೆ ಆಗುವುದನ್ನು ನೆನೆದು ಬರೆದಿದ್ದೇನೆ.

ಅಣ್ಣ ದಾಸಣ್ಣ ಮತ್ತು ಏಕಾಂತಮ್ಮನ ಒಬ್ಬನೇ ಮಗ ಕರಿಯಣ್ಣ ಒಂದೇ ದಿನ ಮನೆಯಲ್ಲಿ ಹೇಳದೆ ಚಿತ್ರದುರ್ಗಕ್ಕೆ ಹೋಗಿ ಸೈನ್ಯಕ್ಕೆ ಸೇರಿದವರು. ಎರಡು ವರ್ಷದ ಹಿಂದೆ ನಡೆದ ಯುದ್ಧದಲ್ಲಿ ಇಬ್ಬರೂ ಪೂರ್ವದ ಗಡಿ ದಾಟಿ ಹೋದರು. ಕರಿಯಣ್ಣ ವಾಪಸು ಬರಲಿಲ್ಲ. ಒಂದು ತಂತಿ ಬಂತು. ಆಮೇಲೆ ಒಂದು ಟ್ರಂಕು ಬಂತು, ಅದರಲ್ಲಿ ಕಂಬಳಿ, ಬೂಟು, ಮುಖ ನೋಡಿಕೊಳ್ಳುವ ಕನ್ನಡಿ ಇದ್ದವು. ಯುದ್ಧದಲ್ಲಿ ಮಡಿದ ಎಂದು ತಂತಿಯಲ್ಲಿತ್ತು. ಹೇಗೆ ಮಡಿದ ಎಂದು ಇರಲಿಲ್ಲ. ಅಣ್ಣ ಕಾಗದ ಬರೆದು ತಿಳಿಸಿದ: ಕಾಲುವೆ ದಾಟುವಾಗ ಫಿರಂಗಿ ಗುಂಡು ಬಿತ್ತು, ನಾನು ಪಕ್ಕದಲ್ಲೇ ಇದ್ದೆ, ಅವನು ನರಳಲಿಲ್ಲ. ಆ ಕಾಗದವನ್ನು ಏಕಾಂತಮ್ಮ ನನ್ನಿಂದ ಎಷ್ಟು ಸಲ ಓದಿಸಿದಳೋ ಲೆಕ್ಕವಿಲ್ಲ. ಪ್ರತಿ ಸಲ ಓದಿ ಮುಗಿಸಿದಾಗಲೂ, ಅಷ್ಟೇನಾ, ಇನ್ನೇನೂ ಬರೆದಿಲ್ಲವಾ ಎಂದು ಕೇಳುತ್ತಿದ್ದಳು. ಮಗನ ಸಾವು ಎಂಥದ್ದೆಂದು ತಾಯಿಗೆ ಕಣ್ಣಿಗೆ ಕಟ್ಟಬೇಕು ಎನ್ನಿಸುತ್ತದೋ ಏನೋ. ಆ ಕೆಲಸವನ್ನು ನಿಮ್ಮ ಸಿನಿಮಾ ಮಾಡಿಕೊಟ್ಟಿತು.

ಈ ಬೇಸಿಗೆಯಲ್ಲಿ ನಮ್ಮ ಕಡೆ ಟೂರಿಂಗ್ ಟಾಕೀಸಿನ ಡೇರೆ ಬಂತು. ಚಿತ್ರ ಹಿಂದಿಯದು, ಹಿಂದಿ ನಮಗೆ ಬಾರದು. ಅದಕ್ಕೆ ಡೇರೆಯವರು ಪಂಚಾಕ್ಷರಪ್ಪ ಎಂಬುವರನ್ನು ಮೈಕ್ ಕೊಟ್ಟು ಪರದೆಯ ಪಕ್ಕ ಕೂರಿಸಿರುತ್ತಾರೆ. ಪರದೆಯಲ್ಲಿ ಆಗುವುದನ್ನು ಅವರು ಕನ್ನಡದಲ್ಲಿ ಹೇಳುತ್ತಾ ಹೋಗುತ್ತಾರೆ. ನಗಿಸುತ್ತಾರೆ, ಅಳಿಸುತ್ತಾರೆ. ಯಾವ ಊರಿಗೆ ಹೋದರೂ ಆ ಊರಿನಿಂದ ಸೈನ್ಯಕ್ಕೆ ಹೋದವರು ಯಾರು ಎಂದು ಹೋಟೆಲಿನಲ್ಲಿ ವಿಚಾರಿಸಿಕೊಂಡು, ಆ ಹೆಸರುಗಳನ್ನು ಕಥೆಯೊಳಗೆ ಸೇರಿಸುವುದು ಅವರ ಪದ್ಧತಿ. ಜನ ಸೇರುವುದೇ ಅದಕ್ಕೆ. ನಾನೂ ಏಕಾಂತಮ್ಮನೂ ನೋಡಲು ಹೋದ ದಿನ ಮೊದಲು ಪರದೆಯ ಮೇಲೆ ನಿಮ್ಮ ಕಾಗದ ಬಂತು. ಪಂಚಾಕ್ಷರಪ್ಪ ಮೈಕಿನಲ್ಲಿ ಹೇಳಿದರು: “ನೋಡ್ರಪ್ಪ, ನೋಡ್ರಮ್ಮ, ಇದು ಸರ್ಕಾರದ ಸಾಹೇಬ್ರು ಕುಂತು ನೋಡಿ, ಎಲ್ಲಾ ಸರಿ ಐತೆ ಅಂತ ಸಹಿ ಹಾಕಿರೋ ಪಿಚ್ಚರ್ರು.”

ನಮ್ಮಲ್ಲಿ ಸರ್ಕಾರದ ಸಹಿ ಬೀಳುವುದು ಯಾವುದಕ್ಕೆ ಹೇಳಿ? ಹೊಲ ಯಾರದು ಎಂಬುದಕ್ಕೆ, ಯಾರು ಹುಟ್ಟಿದರು, ಯಾರು ಸತ್ತರು ಎಂಬುದಕ್ಕೆ. ಸಹಿ ಬಿದ್ದರೆ ನಿಜ, ಬೀಳದಿದ್ದರೆ ಇಲ್ಲ. ಕಟ್ಟುಕಥೆಗೂ ಸರ್ಕಾರ ಕೂತು ಸಹಿ ಹಾಕುತ್ತದೆ ಎಂದು ಏಕಾಂತಮ್ಮನಿಗೆ ಯಾರು ಹೇಳಿದ್ದರು?

ಚಿತ್ರದಲ್ಲಿ ಶತ್ರುಗಳ ಮೇಜರ್ ಒಬ್ಬ ಹಳ್ಳಿಯೊಂದಕ್ಕೆ ಬೆಂಕಿ ಇಡುತ್ತಾನೆ, ಹೆಂಗಸರನ್ನು ಎಳೆದಾಡುತ್ತಾನೆ. ಕಾಪಾಡಲು ಬಂದ ನಮ್ಮ ಸಿಪಾಯಿಗಳನ್ನು ಹಿಡಿದು, ಕೈಗಳನ್ನು ಹಿಂದಕ್ಕೆ ಕಟ್ಟಿ, ಸಾಲಾಗಿ ಮಂಡಿಯೂರಿಸುತ್ತಾನೆ. ಪಂಚಾಕ್ಷರಪ್ಪ ದನಿ ಇಳಿಸಿ, “ಇಗಳ್ರಿ, ನಿಮ್ಮೂರ ಕರಿಯಣ್ಣನಂಥ ಹುಡುಗ್ರು. ಪಾಪಿಗಳು ಹೆಂಗೆ ಕಟ್ಟವ್ರೆ ನೋಡ್ರಿ” ಎಂದರು. ಹೆಂಗಸರ ಕಡೆ ನನ್ನ ಪಕ್ಕ ಕೂತಿದ್ದ ಏಕಾಂತಮ್ಮ ಎದ್ದು ನಿಂತಳು. ಕೂತವರನ್ನು ದಾಟಿಕೊಂಡು ಪರದೆಯ ಹತ್ತಿರ ಹೋದಳು. ಹಿಂದಿನವರು ಮರೆಯಾಗುತ್ತದೆ ಕೂತ್ಕೊಳಮ್ಮ ಎಂದು ಕೂಗಿದರು. ಆಕೆ ಪರದೆಯ ಬಟ್ಟೆಯನ್ನು ಹಿಡಿದು, ಯಾರ ಕಡೆಗೂ ನೋಡದೆ ಹೇಳಿದಳು: “ಯಾರಾದ್ರೂ ಆ ಹಗ್ಗ ಬಿಚ್ರಪ್ಪ.”

ಕೂಗುತ್ತಿದ್ದವರು ಸುಮ್ಮನಾದರು. ಸಿನಿಮಾ ಸುಮ್ಮನಾಗಲಿಲ್ಲ. ಆಕೆಯ ಸೀರೆಯ ಮೇಲೆ, ಬೆನ್ನಿನ ಮೇಲೆ ಗುಂಡು ಹಾರಿತು, ಸಿಪಾಯಿಗಳು ಬಿದ್ದರು. ನಾನು ಹೋಗಿ ಕರೆದುಕೊಂಡು ಬಂದು ಕೂರಿಸಿದೆ. ಆಮೇಲೆ ನಾಯಕ ಹೊರಟ. ಮೇಜರನ ಜನರನ್ನು ಒಬ್ಬೊಬ್ಬರನ್ನಾಗಿ ಹುಡುಕಿ, ಒಬ್ಬನನ್ನು ನೀರಿನಲ್ಲಿ ಮುಳುಗಿಸಿ, ಒಬ್ಬನನ್ನು ಬೆಂಕಿಗೆ ನೂಕಿ, ನಡುವೆ ಎರಡು ಹಾಡು ಹಾಡಿ, ಕಡೆಗೆ ಮೇಜರನ ಕತ್ತು ಕುಯ್ದ. ಡೇರೆ ಹಾರಿಹೋಗುವಂತೆ ಜನ ಶಿಳ್ಳೆ ಹೊಡೆದರು. ಏಕಾಂತಮ್ಮ ನನ್ನ ಕೈ ಬಿಗಿಯಾಗಿ ಹಿಡಿದು, ಬಹಳ ಕಾಲದ ಮೇಲೆ ಜ್ವರ ಬಿಟ್ಟವಳ ಹಾಗೆ ಉಸಿರು ಬಿಟ್ಟಳು.

ಮಾನ್ಯರೇ, ತಾವು ಬಹಳ ಎಚ್ಚರದಿಂದ ಸಿನಿಮಾ ನೋಡುತ್ತೀರಿ ಎಂದು ಕೇಳಿದ್ದೇನೆ. ತುಟಿಗೆ ತುಟಿ ತಾಗಿದರೆ ನಿಮ್ಮ ಕತ್ತರಿ ಬರುತ್ತದಂತೆ. ಕುತ್ತಿಗೆಗೆ ಚೂರಿ ತಾಗಿದರೆ ನಿಮ್ಮ ಸಹಿ ಬರುತ್ತದೆ. ನಾಯಕಿಯ ಸೆರಗು ಜಾರಿದರೆ ಹಳ್ಳಿಯವರು ಕೆಡುತ್ತಾರೆ, ಮೇಜರನ ಕತ್ತಿನಿಂದ ರಕ್ತ ಚಿಮ್ಮಿದರೆ ದೇಶಭಕ್ತರಾಗುತ್ತಾರೆ. ಇದನ್ನು ತೀರ್ಮಾನಿಸಲು ಎಷ್ಟು ಓದಿರಬೇಕು? ನಮ್ಮಂಥವರ ಮನೆಯ ಹೆಂಗಸರು ನೋಡಬಹುದೇ ಎಂದು ಕೇಳಿಕೊಳ್ಳುವ ನೀವು, ಮಗನನ್ನು ಕಳೆದುಕೊಂಡ ತಾಯಿ ನೋಡಬಹುದೇ ಎಂದು ಒಂದು ಸಲವಾದರೂ ಕೇಳಿಕೊಂಡಿರಾ?

ಡೇರೆ ನಮ್ಮಲ್ಲಿ ಇರುವವರೆಗೆ ಆಕೆ ದಿನವೂ ಹೋದಳು. ಮೇಜರ್ ಸಾಯುವುದನ್ನು ನೋಡಿದ ದಿನ ಎರಡು ತುತ್ತು ಜಾಸ್ತಿ ಉಣ್ಣುತ್ತಿದ್ದಳು. ಡೇರೆ ಕಿತ್ತು ರಾಮಗಿರಿಗೆ ಹೋಯಿತು. ಒಂದು ದಿನ ಆಕೆ ಮನೆಯಲ್ಲಿರಲಿಲ್ಲ. ನಾನು ಚಿತ್ರದುರ್ಗಕ್ಕೆ ಬಸ್ಸಿನಲ್ಲಿ ಹೋಗಿ, ಚಿಕ್ಕಜಾಜೂರಿನಲ್ಲಿ ರೈಲು ಬದಲಿಸಿ, ರಾಮಗಿರಿಯಲ್ಲಿ ಇಳಿದೆ. ಅದಕ್ಕೆ ಮೊದಲು ಒಬ್ಬಳೇ ರೈಲು ಹತ್ತಿದವಳಲ್ಲ. ಏಕಾಂತಮ್ಮ ಡೇರೆಯ ನೆರಳಿನಲ್ಲಿ ಆಟ ಶುರುವಾಗುವುದನ್ನು ಕಾಯುತ್ತಾ ಕೂತಿದ್ದಳು. ನಾನು ಪಂಚಾಕ್ಷರಪ್ಪನವರನ್ನು ಹುಡುಕಿ, ಇದು ಬರೀ ಕಥೆ ಎಂದು ಈಕೆಗೆ ಒಂದು ಮಾತು ಹೇಳಿರಿ ಎಂದು ಕೈಮುಗಿದೆ. ಅವರು ಕೆಟ್ಟ ಮನುಷ್ಯರಲ್ಲ. ಆಕೆಗೆ ಚಹಾ ತರಿಸಿಕೊಟ್ಟರು. ಆಮೇಲೆ ನನ್ನನ್ನು ಪಕ್ಕಕ್ಕೆ ಕರೆದು ಹೇಳಿದರು: “ನಾನು ಹೇಳ್ತೀನಮ್ಮ, ಆಕೆ ನಂಬಬೇಕಲ್ಲ. ಸಹಿ ಹಾಕಿರೋನು ನಾನಲ್ಲ. ಹಾಕಿದೋರ್ನ ಕರ್ಕಂಡು ಬಾ.”

ಅವರು ಹೇಳಿಯೂ ಹೇಳಿದರು. ಏಕಾಂತಮ್ಮ ಪೂರ್ತಿ ಕೇಳಿಸಿಕೊಂಡು, ನಿಮಗೆ ಹಂಗೆ ಹೇಳಿ ಅಂತ ಈ ಹುಡುಗಿ ಹೇಳ್ಕೊಟ್ಟಳಾ ಎಂದು ನಕ್ಕಳು.

ಶ್ರಾವಣದಲ್ಲಿ ಅಣ್ಣ ರಜೆಯ ಮೇಲೆ ಬಂದ. ಆಕೆಯ ಮನೆಗೆ ಹೋಗಿ ಕಾಲುವೆಯ ಕಥೆಯನ್ನು ಮತ್ತೆ ಹೇಳಿದ. ಪಕ್ಕದಲ್ಲೇ ಇದ್ದೆ ದೊಡ್ಡಮ್ಮ, ಅವನ ಕೈಯನ್ನು ಯಾರೂ ಕಟ್ಟಿರಲಿಲ್ಲ ಎಂದು ಪ್ರಮಾಣ ಮಾಡಿದ. ಏಕಾಂತಮ್ಮ ಅವನ ತಲೆ ಸವರಿದಳು. “ನನ್ನ ಸಮಾಧಾನಕ್ಕೆ ಹೇಳ್ತೀಯ ಬಿಡಪ್ಪ, ನೀನು ಒಳ್ಳೆ ಹುಡುಗ. ನಿನ್ನ ಮಾತಿಗೆ ಯಾರು ಸಹಿ ಹಾಕವ್ರೆ?”

ಈಗ ಎಲ್ಲಿದ್ದೀಯ, ಏನು ಕೆಲಸ ಎಂದು ಆಮೇಲೆ ಕೇಳಿದಳು. ಅಣ್ಣ ಸುಳ್ಳು ಹೇಳಲು ಬಾರದವನು. ಉತ್ತರದ ಕಡೆ ಒಂದು ಕ್ಯಾಂಪಿನಲ್ಲಿ ಯುದ್ಧಕೈದಿಗಳನ್ನು ಕಾಯುವ ಕೆಲಸ ಎಂದ. ಅವರಿಗೆ ಊಟ ಕೊಡುತ್ತೀರಾ ಎಂದಳು. ಕೊಡುತ್ತೇವೆ ಎಂದ. ಏನು ಕೊಡುತ್ತೀರಿ ಎಂದಳು. ರೊಟ್ಟಿ, ಬೇಳೆ, ಒಮ್ಮೊಮ್ಮೆ ಮಾಂಸ ಎಂದ. ಮಾರನೆಯ ದಿನ ಊರಿಗೆಲ್ಲ ಗೊತ್ತಾಗಿತ್ತು. ಹೋಟೆಲ್ ರಂಗಯ್ಯ ಎಲ್ಲರ ಎದುರಿಗೆ ಕೇಳಿದ: “ಏನೋ ದಾಸ, ವೈರಿಗಳಿಗೆ ಸೌಟು ಹಿಡ್ಕಂಡು ನಿಂತಿದ್ಯಂತೆ. ಬಂದೂಕ ಅಡುಗೆ ಮನೇಲಿ ಬಿಟ್ಟು ಬಂದ್ಯಾ?” ಅಣ್ಣ ಚಹಾ ಕುಡಿಯದೆ ಎದ್ದು ಬಂದ. ಸಿನಿಮಾದ ನಾಯಕ ಬಂದಿದ್ದರೆ ಇದೇ ಜನ ಹಾರ ಹಾಕುತ್ತಿದ್ದರು. ನಿಜವಾದ ಯುದ್ಧದಿಂದ ಬಂದವನು ಊರಲ್ಲಿ ತಲೆ ತಗ್ಗಿಸಿ ನಡೆಯುತ್ತಾನೆ.

ಆಮೇಲೆ ರೇಡಿಯೋದಲ್ಲಿ ಬಂತು, ಒಪ್ಪಂದ ಆಗಿದೆ, ಕೈದಿಗಳನ್ನೆಲ್ಲ ಅವರ ದೇಶಕ್ಕೆ ಕಳಿಸುತ್ತಾರೆ ಎಂದು. ಅಂದಿನಿಂದ ಏಕಾಂತಮ್ಮ ಮಜ್ಜಿಗೆ ಬಿಟ್ಟು ಬೇರೇನೂ ಮುಟ್ಟುತ್ತಿಲ್ಲ. ನಮ್ಮಲ್ಲಿ ಪಿತೃಪಕ್ಷದ ಅಮಾವಾಸ್ಯೆಯ ದಿನ ಸತ್ತವರಿಗೆ ಹೊಸ ಬಟ್ಟೆ ಇಟ್ಟು, ಅವರಿಗೆ ಇಷ್ಟವಾದದ್ದನ್ನು ಬೇಯಿಸಿ ಎಡೆ ಹಾಕುತ್ತೇವೆ. ಬಾಗಿಲು ಮುಂದೆ ಮಾಡಿ ಎಲ್ಲರೂ ಹೊರಗೆ ಕೂರುತ್ತೇವೆ, ಅವರು ಬಂದು ಉಂಡು ಹೋಗಲಿ ಎಂದು. ಹೋದ ವರ್ಷ ಆಕೆ ಕರಿಯಣ್ಣನಿಗೆ ಹುರುಳಿ ಸಾರು, ಮುದ್ದೆ, ಹೋಳಿಗೆ ಇಟ್ಟಿದ್ದಳು. ಈ ವರ್ಷ ಇಡುವುದಿಲ್ಲವಂತೆ. ನನ್ನ ತಾಯಿ, ಹಂಗೆಲ್ಲ ಮಾಡಬಾರದು ಕಣೇ, ಹುಡುಗ ಹಸಿದು ಹೋಗ್ತಾನೆ ಎಂದು ಗದರಿದಳು. ಏಕಾಂತಮ್ಮ ಒಂದೇ ಮಾತು ಕೇಳಿದಳು.

“ಕಟ್ಟಿದ ಕೈಲಿ ಹೆಂಗೆ ಉಣ್ತಾನೆ?”

ಇದಕ್ಕೆ ಉತ್ತರ ನಿಮಗೆ ಹೊಳೆದರೆ ತಿಳಿಸಿ. ಮೇಜರನ ಕಡೆಯವನೊಬ್ಬ ಸತ್ತರೆ ಮಾತ್ರ ಮಗನ ಕೈ ಬಿಚ್ಚುತ್ತದೆ ಎಂದು ಆಕೆ ತಿಳಿದಿದ್ದಾಳೆ. ನಿಮ್ಮ ಸಿನಿಮಾ ಅದನ್ನೇ ತೋರಿಸಿದೆ. ಆಕೆ ಅಣ್ಣನ ಎರಡೂ ಕೈ ಹಿಡಿದು, ಅವರು ರೈಲು ಹತ್ತುವ ಮೊದಲು ಒಬ್ಬನನ್ನಾದರೂ, ನಿನ್ನ ಹತ್ತಿರ ಬಂದೂಕ ಇದೆಯಲ್ಲ, ಎಂದು ಬೇಡಿದಳು. ಅಣ್ಣ, ಆಗಲಿ ದೊಡ್ಡಮ್ಮ, ಮೊದಲು ಊಟ ಮಾಡು ಎಂದ. ಆಕೆ ಉಣ್ಣಲಿಲ್ಲ. ಸುದ್ದಿ ಬಂದ ಮೇಲೆ ಉಣ್ಣುತ್ತಾಳಂತೆ.

ಹಿತ್ತಲಲ್ಲಿ ನಾನು ಅಣ್ಣನನ್ನು ಕೇಳಿದೆ, ಆಕೆಯ ಸಮಾಧಾನಕ್ಕೆ ಹೇಳಿದ್ದಲ್ಲವಾ ಎಂದು. ಹೌದು ಎಂದಿದ್ದರೆ ನಾನು ಈ ಪತ್ರ ಬರೆಯುತ್ತಿರಲಿಲ್ಲ. ಅವನು ಬೇರೆಲ್ಲೋ ನೋಡುತ್ತಾ ಹೇಳಿದ: “ಒಬ್ಬ ಕೈದಿ ಅವನೆ. ನಮ್ಮ ಕರಿಯಣ್ಣನ ವಯಸ್ಸು. ದಿನಾ ಬೀಡಿಗೆ ಬೆಂಕಿ ಕೇಳ್ಕಂಡು ಬೇಲಿ ಹತ್ರ ಒಬ್ನೇ ಬರ್ತಾನೆ. ಓಡೋಕೆ ನೋಡ್ದ ಅಂದ್ರೆ ಯಾರೂ ಏನೂ ಕೇಳಲ್ಲ.”

ಯುದ್ಧದಲ್ಲಿ ಅನ್ಯಾಯ ಆಗಿಲ್ಲ ಎಂದು ನಾನು ಹೇಳುತ್ತಿಲ್ಲ. ಅಣ್ಣ ಅಲ್ಲಿ ಒಂದು ಹಳ್ಳಿಯ ಬಾವಿ ನೋಡಿದ್ದಾನೆ. ಅದರಲ್ಲಿ ಏನಿತ್ತು ಎಂದು ನನಗೆ ಹೇಳಿದ್ದಾನೆ, ನಾನು ಬರೆಯಲಾರೆ. ಆವತ್ತು ಯಾರಾದರೂ ಸಿಕ್ಕಿದ್ದರೆ ಬಿಡುತ್ತಿರಲಿಲ್ಲ ಎಂದು ಅವನೇ ಹೇಳುತ್ತಾನೆ. ಆದರೆ ಸಿಕ್ಕಿದ್ದು ಆಮೇಲೆ, ಹರಿದ ಬೂಟಿನಲ್ಲಿ, ಹಸಿದುಕೊಂಡು ಶರಣಾಗಿ ಬಂದವರು. ಬಾವಿ ತುಂಬಿಸಿದವನು ಇವರಲ್ಲಿ ಯಾರು ಎಂದು ಯಾರ ಮುಖದಲ್ಲೂ ಬರೆದಿರಲಿಲ್ಲ. ಸಿನಿಮಾದಲ್ಲಿ ಮೇಜರನಿಗೆ ಕೆನ್ನೆಯ ಮೇಲೆ ಗಾಯದ ಗುರುತಿದೆ, ನಕ್ಕರೆ ಚಿನ್ನದ ಹಲ್ಲು ಕಾಣುತ್ತದೆ. ತಪ್ಪು ಮಾಡಿದವನೇ ಸಾಯುತ್ತಾನೆ, ಎಲ್ಲರೂ ಮನೆಗೆ ಹೋಗಿ ಮಲಗುತ್ತಾರೆ. ಬೀಡಿಗೆ ಬೆಂಕಿ ಕೇಳುವ ಹುಡುಗನಿಗೆ ಯಾವ ಗುರುತಿದೆ? ಅವನು ಯುದ್ಧದಲ್ಲಿ ಅಡುಗೆ ಮಾಡಿಕೊಂಡಿದ್ದನೋ, ಬೆಂಕಿ ಇಟ್ಟನೋ, ಕೂತು ಪರೀಕ್ಷೆ ಮಾಡಿ ಸಹಿ ಹಾಕಿಕೊಡಬಲ್ಲಿರಾ?

ನನ್ನ ಬೇಡಿಕೆ ದೊಡ್ಡದಲ್ಲ. ಸಿನಿಮಾ ನಿಲ್ಲಿಸಿ ಎಂದರೆ ನೀವು ನಿಲ್ಲಿಸುವುದಿಲ್ಲ, ನನ್ನಂಥವಳ ಮಾತಿಗೆ ಅದು ನಿಲ್ಲುವುದೂ ಇಲ್ಲ. ಒಂದು ಕಾಗದ ಕಳಿಸಿಕೊಡಿ. ಕನ್ನಡದಲ್ಲಿರಲಿ. ಅದೇ ಮೊಹರು, ಅದೇ ಸಹಿ ಇರಲಿ. ಆ ಕೈಗಳು ಸಂಬಳಕ್ಕೆ ಬಂದ ವೇಷದವರ ಕೈಗಳು, ಚಿತ್ರ ತೆಗೆದ ಕೂಡಲೇ ಹಗ್ಗ ಬಿಚ್ಚಿದರು, ಅವರೆಲ್ಲ ಎದ್ದು ಕೈ ತೊಳೆದು ಊಟಕ್ಕೆ ಕೂತರು, ಅವರಲ್ಲಿ ಕರಿಯಣ್ಣ ಇರಲಿಲ್ಲ ಎಂದು ಬರೆಯಿರಿ. ಇದರಲ್ಲಿ ಒಂದಕ್ಷರವೂ ಸುಳ್ಳಲ್ಲ, ಬರೆಯಲು ನಿಮಗೇನು ಅಡ್ಡಿ? ಪತ್ರಿಕೆಯ ಕಚೇರಿಗೆ ಕಳಿಸಿದರೆ ನಾನು ಬಂದು ತೆಗೆದುಕೊಂಡು ಹೋಗುತ್ತೇನೆ. ಕಾಗದ ಬರೆಯಲು ಪುರುಸೊತ್ತಿಲ್ಲದಿದ್ದರೆ ನೀವೇ ಬನ್ನಿ. ಐಮಂಗಲದಲ್ಲಿ ಬಸ್ಸು ನಿಲ್ಲುತ್ತದೆ. ನಾನು ನಿಂತಿರುತ್ತೇನೆ.

ಅಮಾವಾಸ್ಯೆ ಬರುವ ಬುಧವಾರ. ಅಣ್ಣ ಗುರುವಾರ ಬೆಳಿಗ್ಗೆ ಕ್ಯಾಂಪಿಗೆ ಹೊರಡುತ್ತಾನೆ. ನಿಮ್ಮಿಂದ ಏನೂ ಬಾರದಿದ್ದರೆ ನಾನು ಇನ್ನು ಬರೆಯಬೇಕಾದದ್ದು ಆ ಹುಡುಗನ ತಾಯಿಗೆ. ಆಕೆಯೂ ಅಲ್ಲಿ ಯಾವುದೋ ಡೇರೆಯಲ್ಲಿ ಕೂತು, ನಮ್ಮವರು ಅವಳ ಮಗನನ್ನು ಕೊಲ್ಲುವ ಸಿನಿಮಾ ನೋಡುತ್ತಿರಬಹುದು. ಅದಕ್ಕೂ ಅಲ್ಲಿ ನಿಮ್ಮಂಥವರೊಬ್ಬರು ಸಹಿ ಹಾಕಿರುತ್ತಾರೆ. ಅದು ಕಥೆ, ನಿನ್ನ ಮಗ ಬೀಡಿ ಸೇದಿಕೊಂಡು ಚೆನ್ನಾಗಿದ್ದಾನೆ ಎಂದು ಇವತ್ತಿನ ತಾರೀಖು ಹಾಕಿ ನಾನು ಧೈರ್ಯವಾಗಿ ಬರೆಯಬಲ್ಲೆ. ಮುಂದಿನ ವಾರದ ತಾರೀಖು ಹಾಕಿ ಬರೆಯಲಾರೆ.

ಇಂತಿ,
ನಿಮ್ಮ ಸಹಿಯ ಮುಂದೆ ತನ್ನ ಹೆಸರನ್ನೂ ಬರೆಯಲಾಗದ
ಸಿಪಾಯಿಯೊಬ್ಬನ ತಂಗಿ
ಹಿರಿಯೂರು ತಾಲ್ಲೂಕು, ಸೆಪ್ಟೆಂಬರ್ ೧೯೭೩